ಕೋಲು ಕೊಡುವ ಕೈ

ಮೇಸ್ತ್ರಿ ಕಾಲಿಗೆ ಬೀಳಲು ಬಗ್ಗಿದ್ದೇ ತಡ, ತರಕಾರಿಯವನು ಹೆದರಿ ಎರಡು ಹೆಜ್ಜೆ ಹಿಂದಕ್ಕೆ ಹಾರಿದ. ಹಾರದೆ ಏನು ಮಾಡಿಯಾನು? ಹೋದ ವರ್ಷ ಇದೇ ಮೇಸ್ತ್ರಿ ಇದೇ ಜಾಗದಲ್ಲಿ ಅವನ ತಳ್ಳುಗಾಡಿಯನ್ನು ಒದ್ದು ಉರುಳಿಸಿ, ಚೆಲ್ಲಿದ ಟೊಮೆಟೊ ಮೇಲೆಯೇ ಅವನನ್ನು ಕೆಡವಿ, ಎದೆಯ ಮೇಲೆ ಮೊಣಕಾಲೂರಿ ಮುಖಕ್ಕೆ ಗುದ್ದಿದ್ದ. ಗಾಡಿ ವರ್ಕ್‌ಶಾಪಿನ ಬಾಗಿಲಿಗೆ ಅಡ್ಡ ನಿಂತಿತ್ತು, ಅಷ್ಟೇ ಕಾರಣ. ಅವತ್ತು ಉದುರಿದ ಮುಂದಿನ ಹಲ್ಲಿನ ಜಾಗ ಈಗಲೂ ಖಾಲಿ.

"ತಪ್ಪಾಯ್ತಪ್ಪ. ಮನಸ್ಸಲ್ಲಿ ಇಟ್ಕೋಬೇಡ. ನಾಳೆ ಬೆಟ್ಟಕ್ಕೆ ಹೊರಡ್ತಾ ಇದ್ದೀನಿ," ಎಂದ ಮೇಸ್ತ್ರಿ.

"ಅಯ್ಯೋ ಬಿಡಿ ಮೇಸ್ತ್ರಿ, ಹಲ್ಲು ಹೋದ್ರೆ ಹೋಯ್ತು, ಮಾತಿಗೇನು ಅಡ್ಡಿಯಿಲ್ಲ," ಎಂದು ತರಕಾರಿಯವನು ನಕ್ಕ. ನೋಡುತ್ತಿದ್ದವರು ಕಣ್ಣೊರೆಸಿಕೊಂಡರು. ಮೇಸ್ತ್ರಿಯೂ ಒರೆಸಿಕೊಂಡ.

ವರ್ಕ್‌ಶಾಪಿನೊಳಗೆ ಅವನ ಹೆಂಡತಿ, ಅಡ್ಡ ಮಲಗಿಸಿದ ಗೇಟಿಗೆ ರೆಡ್ ಆಕ್ಸೈಡ್ ಬಳಿಯುತ್ತಾ ಇದನ್ನೆಲ್ಲ ನೋಡಿದಳು. ಅವನು ಕಬ್ಬಿಣ ಕತ್ತರಿಸಿ ಬೆಸುಗೆ ಹಾಕಿದರೆ, ಉಜ್ಜಿ ನಯ ಮಾಡಿ ಬಣ್ಣ ಬಳಿಯುವುದು ಅವಳ ಕೆಲಸ. ಉಗುರಿನ ಸಂದಿನಿಂದ ಕೆಂಪು ಎಂದೂ ಹೋಗದ ಕಾರಣ ಬೀದಿಯವರು ಅವಳನ್ನು ಬಣ್ಣದಕ್ಕ ಎನ್ನುತ್ತಿದ್ದರು. ಗಂಡ ಬೆಳಗಿನಿಂದ ಕ್ಷಮೆ ಕೇಳುತ್ತಾ ಬೀದಿ ಸುತ್ತುತ್ತಿದ್ದ. ಕಾಲರ್ ಹಿಡಿದು ಹೊರಗೆ ತಳ್ಳಿದ್ದ ಗಿರಾಕಿ, ಕಲ್ಲೆಸೆದು ಕಾಲು ಮುರಿದಿದ್ದ ಪಕ್ಕದ ಮನೆಯ ನಾಯಿ, ಒಬ್ಬರನ್ನೂ ಬಿಡಲಿಲ್ಲ. ನಾಯಿಗೆ ಒಂದು ಬಿಸ್ಕತ್ತೂ ಸಿಕ್ಕಿತು. ಬಣ್ಣದಕ್ಕ ತನ್ನ ಸರದಿಗಾಗಿ ಕಾಯುತ್ತಿದ್ದಳು.

ಆ ಬೆಟ್ಟದ ಮೇಲೆ ಏನಿದೆ ಎಂದರೆ ಹತ್ತು ಜನ ಹತ್ತು ಹೇಳುತ್ತಿದ್ದರು. ಒಬ್ಬರಿಗೆ ಅದು ದೇವರ ಹೆಜ್ಜೆ, ಇನ್ನೊಬ್ಬರಿಗೆ ಸಂತರ ಗೋರಿ, ಮತ್ತೊಬ್ಬರಿಗೆ ಯಾರೋ ಮಹಾತ್ಮರು ಕೂತು ಪ್ರಾರ್ಥಿಸಿದ ಬಂಡೆ. ಹಾದಿ ಮಾತ್ರ ಒಂದೇ. ಕಾಲಿನ ಬೊಬ್ಬೆಗೆ ಮತ ಯಾವುದು ಎಂದು ಕೇಳುತ್ತಿದ್ದ ಡ್ರೈವರ್ ತಾತ. ಅವನು ಜೀವಮಾನವಿಡೀ ಬಸ್ಸು ಓಡಿಸಿದವನು. ಕೂತು ಹೋದ ಋಣವನ್ನು ನಡೆದು ತೀರಿಸುತ್ತೇನೆಂದು ನಿವೃತ್ತಿಯಾದ ಮೇಲೆ ವರ್ಷಕ್ಕೊಂದು ತಂಡ ಕಟ್ಟಿಕೊಂಡು ಹೊರಡುತ್ತಿದ್ದ. ಹೊರಡುವ ಮುನ್ನ ವಾರಗಟ್ಟಲೆ ವ್ರತ: ಬರಿಗಾಲು, ಕುಡಿತವಿಲ್ಲ, ಬೈಗುಳವಿಲ್ಲ, ಯಾರ ಮೇಲೂ ಕೈ ಎತ್ತುವಂತಿಲ್ಲ. ಇನ್ನೊಂದು ಕಟ್ಟಳೆ ಎಲ್ಲಕ್ಕಿಂತ ದೊಡ್ಡದು. ಹೊರಡುವ ಬೆಳಿಗ್ಗೆ, ಅವರವರ ಹೊಸಿಲಲ್ಲಿ, ತಾನು ಯಾರಿಗೆ ಅತಿ ಹೆಚ್ಚು ನೋವು ಕೊಟ್ಟಿದ್ದೇನೋ ಅವರ ಕೈಯಿಂದಲೇ ಯಾತ್ರಿಕ ತನ್ನ ಕೋಲನ್ನು ಪಡೆಯಬೇಕು. ಅವರು ಕೊಡದಿದ್ದರೆ ಪ್ರಯಾಣವಿಲ್ಲ.

"ಎಲ್ಲರೂ ಬೆಟ್ಟದ ಮೇಲೆ ಹೋಗಿ ಭಾರ ಇಳಿಸ್ತೀವಿ ಅಂತ ಬರ್ತಾರೆ," ಎನ್ನುತ್ತಿದ್ದ ತಾತ. "ಅಲ್ಲಿ ಇಳಿಸೋಕೆ ಜಾಗ ಇಲ್ಲ. ಇಳಿಸೋದಿದ್ರೆ ಮನೆ ಬಾಗಿಲಲ್ಲೇ ಇಳಿಸಿ, ಬರಿಗೈಲಿ ಬನ್ನಿ. ಕಂಡವರ ಲಗೇಜು ಹತ್ತಿಸಿ ಹತ್ತಿಸಿ ನನಗೆ ಸಾಕಾಗಿದೆ."

ಈ ಸಲ ತಂಡದ ಕೋಲುಗಳಿಗೆಲ್ಲ ಕಬ್ಬಿಣದ ಮೊನೆ ಮಾಡಿಕೊಟ್ಟವನು ಮೇಸ್ತ್ರಿಯೇ. ಮೊನೆಗಳಿಗೆ ಬಣ್ಣ ಬಳಿದವಳು ಬಣ್ಣದಕ್ಕ.

ವ್ರತದ ದಿನಗಳಲ್ಲಿ ಮೇಸ್ತ್ರಿ ಬದಲಾದನೆಂದು ಬೀದಿಯೆಲ್ಲ ಕೊಂಡಾಡಿತು. ಪಕ್ಕದ ಮನೆಯಲ್ಲೇ ಇದ್ದ ನಾದಿನಿಯಂತೂ "ನಮ್ಮಣ್ಣ ಚಿನ್ನ ಆಗಿಬಿಟ್ಟ ಅತ್ತಿಗೆ, ನಿನ್ನ ಕಷ್ಟ ತೀರಿತು" ಎಂದು ದಿನಕ್ಕೊಂದು ಸಲ ಹೇಳಿ ಹೋಗುತ್ತಿದ್ದಳು. ಬಣ್ಣದಕ್ಕನಿಗೆ ಮಾತ್ರ ಹೊಡೆತದ ದಿನಗಳಿಗಿಂತ ಈ ದಿನಗಳೇ ಹೆಚ್ಚು ಭಯ ಹುಟ್ಟಿಸಿದವು. ಒಂದು ದಿನ ಅವಳ ಕೈ ತಾಗಿ, ಪಾಲಿಷ್ ಆಗಿ ನಿಂತಿದ್ದ ಗೇಟಿನ ಮೇಲೆ ಡಬ್ಬಿಯ ಬಣ್ಣವೆಲ್ಲ ಚೆಲ್ಲಿತು. ಮೇಸ್ತ್ರಿ ಕಣ್ಣು ಮುಚ್ಚಿ, ತುಟಿ ಕಚ್ಚಿ, ಬೆಟ್ಟದ ಹೆಸರು ಹೇಳಿಕೊಂಡ. ಆಮೇಲೆ ದೊಡ್ಡ ಸುತ್ತಿಗೆ ತೆಗೆದುಕೊಂಡು ಮೂಲೆಯಲ್ಲಿ ಬಿದ್ದಿದ್ದ ಒಂದು ಆ್ಯಂಗಲ್ ತುಂಡನ್ನು, ಅದು ಬೆನ್ನು ಮುರಿದು ಮಡಿಚಿಕೊಳ್ಳುವವರೆಗೂ ಬಡಿದ. ಆ ಕಬ್ಬಿಣ ಯಾರ ಬದಲಿಗೆ ಏಟು ತಿನ್ನುತ್ತಿದೆಯೆಂದು ಅವಳಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ.

ಅವಳ ಬಲಗಿವಿ ಕೇಳುತ್ತಿರಲಿಲ್ಲ. ವರ್ಷಗಳ ಹಿಂದೆ ಒಂದು ದೊಡ್ಡ ಗೇಟಿನ ಅಳತೆಯನ್ನು ಅವಳು ಒಂದು ಗೇಣು ತಪ್ಪಾಗಿ ಹೇಳಿದ್ದಳು. ಸಾಮಾನೆಲ್ಲ ಕತ್ತರಿಸಿಯಾದ ಮೇಲೆ ತಪ್ಪು ಗೊತ್ತಾಯಿತು. ಅವನು ಬೆಸುಗೆಯ ಮುಖವಾಡವನ್ನೂ ತೆಗೆಯದೆ ಅಂಗೈ ಬೀಸಿ ಬಲಗೆನ್ನೆ ಕಿವಿ ಸೇರಿಸಿ ಬಾರಿಸಿದ. ಯಾವ ಮುಖ ಹೊಡೆಯಿತೆಂದೂ ಅವಳಿಗೆ ಕಾಣಲಿಲ್ಲ. ಕಂಡದ್ದು ಕಪ್ಪು ಗಾಜು ಮಾತ್ರ. ಅವಳು ಗ್ರೈಂಡರಿನ ಮೇಲೆ ಬಿದ್ದಳು. ಅಂದಿನಿಂದ ಆ ಕಿವಿ ಸತ್ತಿತು. ಡಾಕ್ಟರ ಹತ್ತಿರ ಮಷೀನಿನ ಸದ್ದಿಗೆ ಹೀಗಾಯಿತೆಂದು ಸುಳ್ಳು ಹೇಳಿದಳು. ಗಂಡನಿಗೆ ಅದನ್ನೂ ಹೇಳಲಿಲ್ಲ. ಹೇಳಿದರೆ ದೂರಿದಂತೆ, ದೂರಿದರೆ ಇನ್ನೊಂದು ಬೀಳುತ್ತದೆ.

ಅಲ್ಲಿಂದ ಮುಂದೆ ನಡೆದದ್ದು ಯಾರ ಶತ್ರುವಿಗೂ ಬೇಡ. ಅವನು ಬಲಗಡೆಯಿಂದ ಏನಾದರೂ ಹೇಳುತ್ತಿದ್ದ, ಅವಳಿಗೆ ಕೇಳುತ್ತಿರಲಿಲ್ಲ, ಜಂಬ ಮಾಡುತ್ತಾಳೆಂದು ಹೊಡೆಯುತ್ತಿದ್ದ. "ಕಿವುಡಿ, ಕಿವಿ ಇದೆಯೇನೇ ನಿನಗೆ?" ಎಂದು ಬೈದು ಮತ್ತೆ ಹೊಡೆಯುತ್ತಿದ್ದ. ಬೈಗುಳ ನಿಜವೆಂದು ಪಾಪ ಅವನಿಗೇ ಗೊತ್ತಿರಲಿಲ್ಲ. ಊಟಕ್ಕೆ ಕೂತರೂ, ದಾರಿಯಲ್ಲಿ ನಡೆದರೂ ಅವನನ್ನು ಎಡಕ್ಕೇ ಇಟ್ಟುಕೊಳ್ಳುವುದನ್ನು ಅವಳು ಕಲಿತಳು. ಗುಟ್ಟು ನಾದಿನಿಗೆ ಗೊತ್ತಿತ್ತು. "ಹೇಳ್ಬೇಡ ಅತ್ತಿಗೆ, ಅವನಿಗೆ ಬೇಜಾರಾಗುತ್ತೆ," ಎಂದಿದ್ದಳು ಅವಳು.

ಈಗ, ಹೊರಡುವ ಆ ಒಂದು ಬೆಳಗ್ಗೆಯಾದರೂ ಅವನು ತನ್ನ ಎದುರು ನಿಂತು ಕೇಳುತ್ತಾನೆ, ಆಗ ಕಿವಿಯ ಮಾತು ಹೇಳಿಬಿಡಬೇಕು ಎಂದು ಅವಳು ನಿರ್ಧರಿಸಿದ್ದಳು. ವ್ರತದಲ್ಲಿರುವವನು ಕೈ ಎತ್ತುವಂತಿಲ್ಲವಲ್ಲ. ಅವನು "ಹೌದು, ನಾನೇ ಮಾಡಿದ್ದು" ಎನ್ನಬೇಕು. ಅದೊಂದು ಮಾತು ಎಡಗಿವಿಯಲ್ಲಿ ಬಿದ್ದರೆ ಸಾಕು, ಉಳಿದದ್ದನ್ನೆಲ್ಲ ತಾನೇ ನುಂಗಿಕೊಳ್ಳಲು ಅವಳು ತಯಾರಿದ್ದಳು. ಪಾತ್ರೆ ತೊಳೆಯುತ್ತಾ ಹೇಗೆ ಹೇಳುವುದೆಂದು ಅಭ್ಯಾಸವನ್ನೂ ಮಾಡಿದಳು. ರಾತ್ರಿ ಊಟದ ಹೊತ್ತಿಗೆ ಅವನು, "ಅಬ್ಬ, ಎಲ್ಲರದ್ದೂ ಮುಗೀತು. ಹಗುರಾಯ್ತು," ಎಂದು ಕೈ ತೊಳೆದುಕೊಂಡ. ಅವಳು ತಟ್ಟೆ ಎತ್ತಿಟ್ಟಳು.

ಬೆಳಿಗ್ಗೆ ತಂಡ ಬಂತು. ಡ್ರೈವರ್ ತಾತ ಮುಂದೆ, ಹಿಂದೆ ಬಿಳಿ ಬಟ್ಟೆಯ ಹೆಂಗಸರು ಗಂಡಸರು, ತಲೆಗೆ ಮುಸುಕು ಹಾಕಿದವರು, ಕೊರಳಲ್ಲಿ ಮಣಿ ಹಾಕಿದವರು, ಏನೂ ಹಾಕದವರು. ಎಲ್ಲರ ಕೈಯಲ್ಲೂ ಕೋಲಿತ್ತು. ಅವರವರ ಹೊಸಿಲಿನ ಅಳು ಮುಗಿಸಿ ಕಣ್ಣು ಕೆಂಪಗೆ ಮಾಡಿಕೊಂಡು ಬಂದಿದ್ದರು. ಕೊನೆಯ ಹೊಸಿಲು ಮೇಸ್ತ್ರಿಯದು.

"ಯಾರ ಕೈಲಿ ಕೊಡಿಸ್ತೀಯಪ್ಪ?" ಎಂದ ತಾತ.

"ಇವನ ಕೈಲಿ," ಎಂದು ಮೇಸ್ತ್ರಿ ತರಕಾರಿಯವನ ಹೆಗಲ ಮೇಲೆ ಕೈ ಹಾಕಿದ. ಅವನು ನಾಟಕ ಮಾಡುತ್ತಿರಲಿಲ್ಲ. ರಾತ್ರಿಯೆಲ್ಲ ಯೋಚಿಸಿ, ತನ್ನಿಂದ ಅತಿ ಹೆಚ್ಚು ನೊಂದವನು ಇವನೇ ಎಂದು ಪ್ರಾಮಾಣಿಕವಾಗಿಯೇ ತೀರ್ಮಾನಿಸಿದ್ದ.

ತರಕಾರಿಯವನು ಕೋಲು ಹಿಡಿದು ನಿಂತ. ಎತ್ತಿದ. ಮತ್ತೆ ಕೆಳಗಿಳಿಸಿದ.

"ನಾನು ಕೊಡೋಕೆ ಬರಲ್ಲ ತಾತ. ನಂದು ಒಂದು ಹಲ್ಲು ಹೋಗಿದ್ದು, ಅಷ್ಟೇ. ದಿನಾ ಬೆಳಿಗ್ಗೆ ಇಲ್ಲೇ ಗಾಡಿ ನಿಲ್ಲಿಸ್ತೀನಿ. ಒಳಗಿನ ಸದ್ದು ಕೇಳಿ ಎಷ್ಟು ಸಲ ಗಾಡಿ ಮುಂದಕ್ಕೆ ತಳ್ಕೊಂಡು ಹೋಗಿದ್ದೀನೋ. ಈ ಕೋಲು ಅಕ್ಕನ ಕೈಲಿ ಕೊಡ್ಸಿ."

ಬೀದಿಗೆ ಗೊತ್ತಿಲ್ಲದ ವಿಷಯವೇನಲ್ಲ. ಆದರೂ ಎಲ್ಲರೂ ನೆಲ ನೋಡಿದರು. ಮೇಸ್ತ್ರಿ ಮಾತ್ರ ನಕ್ಕುಬಿಟ್ಟ.

"ಹೆಂಡ್ತಿ ಏನು ಹೊರಗಿನವಳಾ? ಬಲಗೈ ಎಡಗೈಗೆ ತಾಗಿದ್ರೆ ಕ್ಷಮೆ ಕೇಳ್ತೀವಾ ತಾತ? ಸಂಸಾರ ಅಂದ್ಮೇಲೆ ಒಂದು ಮಾತು ಬರುತ್ತೆ, ಹೋಗುತ್ತೆ."

"ಹೊರಗಿನವಳಲ್ಲ ಅಂದ್ರೆ ಇನ್ನೂ ಸುಲಭ ಆಯ್ತಲ್ಲ," ಎಂದ ತಾತ. "ಕೇಳಿಬಿಡು. ಬಿಸಿಲೇರುತ್ತೆ."

ತರಕಾರಿಯವನು ಕೋಲನ್ನು ತಂದು ಬಣ್ಣದಕ್ಕನ ಕೈಗಿತ್ತ. ಅವಳು ಹೊಸಿಲಿನೊಳಗೆ ನಿಂತಿದ್ದಳು. ಕೋಲನ್ನು ಎರಡು ಕೈಯಲ್ಲೂ ಹಿಡಿದುಕೊಂಡಳು. ಮೇಸ್ತ್ರಿ ಹತ್ತಿರ ಬಂದ. ಇಷ್ಟು ಜನರೆದುರು ಹೆಂಡತಿಯ ಮುಖ ನೋಡಿ ಹೇಳಲು ನಾಚಿಕೆಯಾಗಿಯೋ ಏನೋ, ಬಾಗಿಲಿನ ಚೌಕಟ್ಟಿನ ಕಡೆ ನೋಡುತ್ತಾ, ಅವಳ ಬಲಭುಜದ ಹತ್ತಿರ ಬಗ್ಗಿ ಮೆಲ್ಲಗೆ ಏನೋ ಹೇಳಿ ಕೈ ಚಾಚಿದ.

ಅವಳಿಗೆ ಅವನ ಉಸಿರು ಕುತ್ತಿಗೆಗೆ ತಾಗಿದ್ದು ಗೊತ್ತಾಯಿತು. ಮಾತು ಕೇಳಲಿಲ್ಲ.

"ಕೊಟ್ಬಿಡು ಅತ್ತಿಗೆ," ಎಂದಳು ನಾದಿನಿ ಎಡಗಡೆಯಿಂದ. "ಕೇಳಾಯ್ತಲ್ಲ. ಒಂದು ಮಾತಿಗೆ ನಿನ್ನ ಗಂಟೇನು ಹೋಗುತ್ತೆ?"

ಕೊಟ್ಟಿದ್ದರೆ ಮುಗಿದುಹೋಗುತ್ತಿತ್ತು. ಅವಳ ಕೈ ಸ್ವಲ್ಪ ಮುಂದಕ್ಕೆ ಬಂದದ್ದೂ ನಿಜ. ಆಮೇಲೆ ಅವಳು ಕೋಲನ್ನು ಎದೆಗೆ ಒತ್ತಿಕೊಂಡಳು.

"ಆ ಕಡೆ ಹೇಳಿದ್ರೆ ನನಗೆ ಕೇಳಲ್ಲ ರೀ. ಈ ಕಡೆ ಬಂದು ಹೇಳಿ."

"ಯಾಕೆ ಕೇಳಲ್ಲ?"

"ಆ ಕಿವಿ ಹೋಗಿ ತುಂಬಾ ದಿನ ಆಯ್ತು. ದೊಡ್ಡ ಗೇಟಿನ ಅಳತೆ ತಪ್ಪಿದಾಗ ನೀವು ಹೊಡೆದಿರಲ್ಲ, ಆವತ್ತೇ."

ಮೇಸ್ತ್ರಿ ಅವಳನ್ನೇ ನೋಡಿದ. ತಂಗಿಯನ್ನು ನೋಡಿದ, ಅವಳು ಮುಖ ತಿರುಗಿಸಿದಳು. ತರಕಾರಿಯವನನ್ನು ನೋಡಿದ. ಎಲ್ಲರಿಗೂ ಗೊತ್ತಿದ್ದು ತನಗೊಬ್ಬನಿಗೇ ಗೊತ್ತಿರಲಿಲ್ಲವೆಂದು ಅವನಿಗೆ ಅನಿಸಿರಬೇಕು. ನಿನ್ನೆ ಇಡೀ ದಿನ ಬಗ್ಗಿ ಬಗ್ಗಿ ಗಳಿಸಿದ್ದೆಲ್ಲ ಈ ಒಂದು ಮಾತಿಗೆ ನೀರುಪಾಲಾಗುತ್ತಿತ್ತು.

"ಸುಳ್ಳು," ಎಂದ. "ಇಷ್ಟು ವರ್ಷ ಬಾಯಿ ಮುಚ್ಕೊಂಡಿದ್ದು, ಇವತ್ತು, ಇಷ್ಟು ಜನರ ಮುಂದೆ..."

"ಸುಳ್ಳಲ್ಲ ರೀ. ನಾನು ಬೇರೇನೂ ಕೇಳ್ತಿಲ್ಲ. ಈ ಕಡೆ ಬಂದು ಒಂದೇ ಒಂದು ಸಲ..."

ಅವನು ಈ ಕಡೆಗೆ ಬಂದ. ಆದರೆ ಬಂದದ್ದು ಮಾತಲ್ಲ, ಅಂಗೈ. ವಾರಗಟ್ಟಲೆ ಕಟ್ಟಿಟ್ಟಿದ್ದ ಅಷ್ಟೂ ಬಲ ಎಡಗೆನ್ನೆಯ ಮೇಲೆ, ಎಡಗಿವಿಯ ಮೇಲೆ ಬಿತ್ತು. ಅವಳ ತಲೆ ಬಾಗಿಲಿನ ಚೌಕಟ್ಟಿಗೆ ಬಡಿಯಿತು. ಕೈಯಿಂದ ಜಾರಿದ ಕೋಲನ್ನು ಅವನು ಬೀಳಲು ಬಿಡದೆ ಹಿಡಿದ. ಎರಡು ಕೈಯಲ್ಲಿ ಎತ್ತಿ ಹೆಗಲಿಗೆ ಹೊಡೆದ. ಅವಳು ಕುಸಿದು ತಲೆಗೆ ಕೈ ಅಡ್ಡ ಹಿಡಿದಳು, ಮುಂಗೈಗೆ ಹೊಡೆದ. ಕಬ್ಬಿಣದ ಮೊನೆ ಚರ್ಮ ಸೀಳಿಕೊಂಡು ಹೋಯಿತು. ತರಕಾರಿಯವನು ಮೇಲೆ ಹಾರಿ ಸೊಂಟ ಹಿಡಿದಾಗ ಮೇಸ್ತ್ರಿಯ ಮೊಣಕೈ ತಿರುಗಿ ಅವನ ಬಾಯಿಗೇ ಬಿತ್ತು. ಬಿಳಿ ಬಟ್ಟೆಯ ನಾಲ್ಕು ಜನ ಸೇರಿ ಮೇಸ್ತ್ರಿಯನ್ನು ಕೆಡವಿದರು. ಅವನು ಕೆಳಗೆ ಬಿದ್ದೂ ಒದೆಯುತ್ತಿದ್ದ. ಒಬ್ಬನ ಕೊರಳಿನ ಮಣಿಸರ ಹರಿದು ಮಣಿಗಳು ಅಂಗಳದ ತುಂಬ ಉರುಳಿದವು. ಡ್ರೈವರ್ ತಾತ ಮೇಸ್ತ್ರಿಯ ಮಣಿಕಟ್ಟನ್ನು ಬರಿಗಾಲಲ್ಲಿ ತುಳಿದು ನಿಂತು ಕೋಲನ್ನು ಬಿಡಿಸಿಕೊಂಡ.

ಬಣ್ಣದಕ್ಕನಿಗೆ ಮೊದಲು ಕೇಳಿದ್ದು ಒಂದು ಉದ್ದನೆಯ ಶಿಳ್ಳೆ. ಆಮೇಲೆ ಅದೂ ನಿಂತಿತು. ಎಲ್ಲರೂ ಸುಮ್ಮನಾದರಲ್ಲ ಎಂದುಕೊಂಡು ತಲೆಯೆತ್ತಿದಳು. ಯಾರೂ ಸುಮ್ಮನಾಗಿರಲಿಲ್ಲ. ನಾದಿನಿಯ ಬಾಯಿ ದೊಡ್ಡದಾಗಿ ತೆರೆದಿತ್ತು. ತರಕಾರಿಯವನು ಬಾಯಿಂದ ರಕ್ತ ಉಗುಳುತ್ತಾ ಏನೋ ಕೂಗುತ್ತಿದ್ದ. ಬೀದಿಯ ನಾಯಿ ಕತ್ತೆತ್ತಿ ಬೊಗಳುತ್ತಿತ್ತು. ಯಾವುದಕ್ಕೂ ಸದ್ದಿರಲಿಲ್ಲ. ಅವಳು ಕಿವಿ ಮುಟ್ಟಿಕೊಂಡಳು. ಬೆರಳು ಕೆಂಪಾಯಿತು. ಬಣ್ಣ ಇನ್ನೂ ಒಣಗಿಲ್ಲವಲ್ಲ ಎಂದು ಅನಿಸಿತು. ಬಿಸಿಯಾಗಿತ್ತು, ಆಗ ತಿಳಿಯಿತು.

ಮೇಸ್ತ್ರಿಯೂ ಆ ಬೆರಳುಗಳನ್ನು ನೋಡಿದ. ಹಿಡಿದವರು ಬಿಟ್ಟರೋ, ಅವನೇ ಬಿಡಿಸಿಕೊಂಡನೋ, ಮೊಣಕಾಲಲ್ಲೇ ತೆವಳಿಕೊಂಡು ಹೊಸಿಲಿಗೆ ಬಂದ. ಅವಳ ಪಾದ ಹಿಡಿದುಕೊಂಡ. ಮುಖವೆತ್ತಿ ಹೇಳತೊಡಗಿದ. ಈ ಸಲ ಎಡಗಡೆಗೇ ಬಂದಿದ್ದ, ಮುಖ ನೋಡಿಯೇ ಹೇಳುತ್ತಿದ್ದ. ಅವನ ಬಾಯಿ ತುಂಬ ಹೊತ್ತು ಆಡಿತು. ಒಂದು ಸಲ ತನ್ನ ಬಲಗಿವಿ ಮುಟ್ಟಿ ತೋರಿಸಿದ, ಇನ್ನೊಂದು ಸಲ ಗೇಟಿನ ಕಡೆ ಕೈ ಮಾಡಿದ, ತನ್ನ ಎದೆಗೆ ತಾನೇ ಗುದ್ದಿಕೊಂಡ. ಎಲ್ಲ ಹೇಳುತ್ತಿದ್ದಾನೆಂದು ಅವಳಿಗೆ ತಿಳಿಯಿತು. ಅವಳು ಕೇಳಿದ್ದು ಒಂದು ಮಾತು. ಅವನು ಒಂದು ಬುಟ್ಟಿ ಸುರಿಯುತ್ತಿದ್ದ. ಸುತ್ತ ನಿಂತವರಿಗೆಲ್ಲ ಅದು ಕೇಳುತ್ತಿತ್ತು, ಅವರು ಅಳುತ್ತಿದ್ದರು. ಅವಳೊಬ್ಬಳಿಗೆ ಒಂದಕ್ಷರವೂ ಬೀಳಲಿಲ್ಲ.

ಅವಳಿಗೆ ಅಳು ಬರಲಿಲ್ಲ. ನಗು ಬಂತು, ಅದನ್ನೂ ನುಂಗಿಕೊಂಡಳು. ಇನ್ನು ಈ ಮನುಷ್ಯ ತನ್ನ ಕಣ್ಣೆದುರು ಇರಬಾರದು ಎಂಬುದೊಂದೇ ಅವಳ ಮನಸ್ಸಿನಲ್ಲಿತ್ತು. ಎದ್ದಳು. ತಾತನ ಕೈಯಿಂದ ಕೋಲು ತೆಗೆದುಕೊಂಡು, ಬಣ್ಣ ಒರೆಸುವ ಬಟ್ಟೆಯಲ್ಲಿ ಮೊನೆಯನ್ನು ಒರೆಸಿ, ಗಂಡನ ಕೈಯೊಳಗಿಟ್ಟಳು. ಅವನ ಬೆರಳುಗಳನ್ನು ಒಂದೊಂದಾಗಿ ಅದರ ಸುತ್ತ ಮಡಿಸಿದಳು. ರಸ್ತೆಯ ಕಡೆ ತೋರಿಸಿದಳು.

"ಹೋಗಿ," ಎಂದಳು. ಆ ಮಾತು ಅವಳಿಗೇ ಕೇಳಲಿಲ್ಲ.

ಕ್ಷಮಿಸಿದಳು ಎಂದುಕೊಂಡರು ಎಲ್ಲ. ಇಬ್ಬರು ಮೂವರು ಹೆಂಗಸರು ಅವಳ ಕಾಲು ಮುಟ್ಟಿ ಕಣ್ಣಿಗೊತ್ತಿಕೊಂಡರು. ಡ್ರೈವರ್ ತಾತ ಮಾತ್ರ ಎಲ್ಲರೂ ಬೀದಿಗಿಳಿದ ಮೇಲೂ ನಿಂತು ಅವಳ ಮುಖವನ್ನು ನೋಡುತ್ತಿದ್ದ. ಏನೋ ಕೇಳಿದ. ಅವಳು ತಲೆಯಲ್ಲಾಡಿಸಿ ಮತ್ತೆ ರಸ್ತೆಯನ್ನೇ ತೋರಿಸಿದಳು. ಆಗ ತಾತ ಮೇಸ್ತ್ರಿಯ ರಟ್ಟೆ ಹಿಡಿದು ಎಬ್ಬಿಸಿ, ಎಲ್ಲರಿಗಿಂತ ಮುಂದೆ ಬಿಟ್ಟುಕೊಂಡು, ತಾನು ಅವನ ಬೆನ್ನ ಹಿಂದೆಯೇ ನಡೆದ. ರಕ್ತ ಹತ್ತಿದ ಬಿಳಿ ಬಟ್ಟೆ ಬೀದಿಯ ತಿರುವಿನವರೆಗೂ ಕಾಣುತ್ತಿತ್ತು.

ನಾದಿನಿ ಅವಳನ್ನು ಡಾಕ್ಟರ ಹತ್ತಿರ ಕರೆದೊಯ್ದಳು. ಈ ಸಲ ಬಣ್ಣದಕ್ಕ ಮಷೀನಿನ ಹೆಸರು ಹೇಳಲಿಲ್ಲ. ತನ್ನ ಅಂಗೈ ಬಿಡಿಸಿ ಕೆನ್ನೆಗೆ ಹೊಡೆದುಕೊಂಡು ತೋರಿಸಿದಳು. ನಾದಿನಿ ತಲೆ ತಗ್ಗಿಸಿದಳು. ಕಿವಿಯ ತಮಟೆ ಹರಿದಿದೆ, ಕೂಡಿದರೂ ಕೂಡೀತು, ಇಲ್ಲವಾದರೂ ಇಲ್ಲ ಎಂದು ಡಾಕ್ಟರು ಹೇಳಿದ್ದನ್ನು ನಾದಿನಿಯೇ ಕೈಸನ್ನೆಯಲ್ಲಿ ತಿಳಿಸಿದಳು.

ಬಣ್ಣದಕ್ಕನ ದೊಡ್ಡ ಮನಸ್ಸನ್ನು ಬೀದಿಯೆಲ್ಲ ಹಾಡಿ ಹೊಗಳಿತು. ಅದೂ ಅವಳಿಗೆ ಕೇಳಲಿಲ್ಲ. ವರ್ಕ್‌ಶಾಪಿನಲ್ಲಿ ಅರ್ಧ ಮುಗಿದ ಕೆಲಸಗಳು ಬಿದ್ದಿದ್ದವು. ಗಾಯದ ಕೈಗೆ ಬಟ್ಟೆ ಸುತ್ತಿಕೊಂಡು ಅವಳು ಗ್ರೈಂಡರ್ ಹಿಡಿದಳು. ಸದ್ದಿಲ್ಲದೆ ಕಿಡಿಗಳು ಮಾತ್ರ ಹಾರುವುದು ಮೊದಮೊದಲು ವಿಚಿತ್ರವೆನಿಸಿತು. ದಿನ ಕಳೆದಂತೆ, ಚಕ್ರ ಸರಿಯಾಗಿ ಕಚ್ಚಿದೆಯೋ ಇಲ್ಲವೋ ಎಂಬುದು ಅಂಗೈಯಿಂದಲೇ ತಿಳಿಯತೊಡಗಿತು. ಮುಖವಾಡ ಹಾಕಿಕೊಂಡು ಬೆಸುಗೆಯನ್ನೂ ಹಿಡಿದಳು. ಇಷ್ಟು ವರ್ಷ ಹೊರಗಿನಿಂದ ನೋಡಿದ್ದ ಆ ಕಪ್ಪು ಗಾಜಿನ ಒಳಗಿನಿಂದ ಲೋಕ ಹಸಿರಾಗಿ ಕಾಣುತ್ತಿತ್ತು. ಬಹಳ ದಿನಗಳ ನಂತರ ಅವಳಿಗೆ ಚೆನ್ನಾಗಿ ಹಸಿವಾಗುತ್ತಿತ್ತು, ಮಲಗಿದ ಕೂಡಲೇ ನಿದ್ದೆ ಬರುತ್ತಿತ್ತು.

ದೀಪದ ಬುಡ ಕತ್ತಲು ಎನ್ನುತ್ತಾರಲ್ಲ, ಊರಿಗೆಲ್ಲ ಗೇಟು ಮಾಡುವ ಮನೆಯ ಅಂಗಳದ ಗೇಟಿಗೆ ಒಳಗಿನಿಂದ ಚಿಲಕವೇ ಇರಲಿಲ್ಲ. ಹೊರಗಿನಿಂದ ಬೀಗ ಹಾಕಿ ಅವನು ಹೋಗುತ್ತಿದ್ದ, ಅವನೇ ತೆಗೆಯುತ್ತಿದ್ದ. ಅವಳು ಹೆಬ್ಬೆರಳು ಗಾತ್ರದ ಒಂದು ಸರಳನ್ನು ಕತ್ತರಿಸಿ, ಒಳಬದಿಗೆ ಅಗುಳಿ ಮಾಡಿ ಬೆಸೆದಳು. ಬೆಸುಗೆ ಅಷ್ಟೇನೂ ನಯವಾಗಿರಲಿಲ್ಲ, ಗಟ್ಟಿಯಾಗಿತ್ತು.

ಒಂದು ಮಧ್ಯಾಹ್ನ ನಾದಿನಿ ಓಡುತ್ತಾ ಬಂದಳು. ದೂರದ ಬೆಟ್ಟದ ಕಡೆ ಕೈ ತೋರಿಸಿ, ಎರಡು ಬೆರಳಲ್ಲಿ ನಡೆದು ಬರುವ ಕಾಲು ಮಾಡಿ, ಬೀದಿಯ ತುದಿಯನ್ನು ತೋರಿಸಿದಳು. ಮುಖದಲ್ಲಿ ಸಂತೋಷವೂ ಇತ್ತು, ಅಂಜಿಕೆಯೂ ಇತ್ತು. ಬಣ್ಣದಕ್ಕ ತಲೆಯಾಡಿಸಿದಳು. ನಾದಿನಿ ಹೋದ ಮೇಲೆ ಒಳಗಿನಿಂದ ಅಗುಳಿ ಹಾಕಿ, ರೆಡ್ ಆಕ್ಸೈಡಿನ ಡಬ್ಬಿ ತಂದು, ಗೇಟಿನ ತಗಡಿಗೆ ಒಳಗಿನಿಂದ ಬಣ್ಣ ಬಳಿಯಲು ಕೂತಳು.

ಅರ್ಧ ಬಳಿದಿರುವಾಗ ಬ್ರಷ್ಷಿನ ಹಿಡಿ ಬೆರಳಲ್ಲಿ ಸಣ್ಣಗೆ ನಡುಗಿತು. ಅವಳು ಬ್ರಷ್ ಕೆಳಗಿಟ್ಟು ಅಂಗೈಯನ್ನು ತಗಡಿಗೆ ಒತ್ತಿದಳು. ಮೂರು ಬಡಿತ, ಒಂದು ಬಿಡುವು, ಮತ್ತೆ ಮೂರು. ಬೆಸುಗೆಯ ಕಿಟ್ಟ ಉದುರಿಸುವಾಗ ಅವನ ಸುತ್ತಿಗೆ ಹೀಗೆಯೇ ಬೀಳುತ್ತಿತ್ತು. ಮೆಲ್ಲಗೆ ಬಡಿಯುತ್ತಿದ್ದ, ಸಿಟ್ಟಿನಿಂದಲ್ಲ. ಸ್ವಲ್ಪ ಹೊತ್ತಿಗೆ ಬಡಿತ ನಿಂತು, ಕಬ್ಬಿಣದೊಳಗೆ ಬೇರೊಂದು ಸಣ್ಣ ಗುಂಯ್‌ಗುಡುವಿಕೆ ಹತ್ತಿತು. ಅವನು ಹಣೆಯನ್ನು ಗೇಟಿಗೆ ಆನಿಸಿ ಮಾತಾಡುತ್ತಿದ್ದ. ಅದು ನಿಂತು ನಿಂತು, ಏರಿ ಇಳಿದು, ಅವಳ ಅಂಗೈಗೆ ಬರುತ್ತಿತ್ತು. ಅವಳು ಅದನ್ನು ಕೊನೆಯವರೆಗೂ ಹಾಗೆಯೇ ಹಿಡಿದಿದ್ದಳು.

ಆಮೇಲೆ ಕೈ ತೆಗೆದಳು. ಐದು ಬೆರಳಿನ ಗುರುತು ಹಸಿ ಬಣ್ಣದ ಮೇಲೆ ಸ್ಪಷ್ಟವಾಗಿ ಮೂಡಿತ್ತು. ಅವಳು ಬ್ರಷ್ಷನ್ನು ಡಬ್ಬಿಗೆ ಅದ್ದಿ, ಅಂಚಿಗೆ ಒರೆಸಿ, ಅದರ ಮೇಲೆ ನಿಧಾನವಾಗಿ ಬಳಿದಳು.